ಕೋರ್ಟು ಹರಾಜು ಹಾಕಿದ್ದ ನಮ್ಮ ಜಮೀನು

ಜುಲೈ 8ರ ಬೆಳಿಗ್ಗೆ ನಮ್ಮ ಜಮೀನಿನಲ್ಲಿ ಇಬ್ಬರು ತೆಂಗಿನ ಮರ ಎಣಿಸುತ್ತಿದ್ದರು. ಒಬ್ಬ ಮರದಿಂದ ಮರಕ್ಕೆ ಹೋಗಿ ಅಂಗೈಯಿಂದ ತಟ್ಟುತ್ತಿದ್ದ. ಇನ್ನೊಬ್ಬ ಚೀಟಿಯಲ್ಲಿ ಗೀಟು ಹಾಕಿಕೊಳ್ಳುತ್ತಿದ್ದ. ಅಮ್ಮ ಕೊಟ್ಟಿಗೆ ಕೆಲಸ ಬಿಟ್ಟು ಓಡಿ ಹೋಗಿ, ‘ಯಾರಪ್ಪಾ ನೀವು? ಏನ್ ಮಾಡ್ತಿದ್ದೀರಾ?’ ಅಂತ ಕೇಳಿದರು. ‘ಈ ಜಮೀನು ಕೋರ್ಟ್ ಹರಾಜಲ್ಲಿ ನಮ್ಮ ಯಜಮಾನ್ರಿಗೆ ಆಗಿದೆ ತಾಯಿ. ನಿಮಗೆ ಗೊತ್ತಿಲ್ವಾ?’ ಅಂದರಂತೆ.

ಗೊತ್ತಿರಲಿಲ್ಲ. ಸಾಲ ಇರೋದು ಗೊತ್ತಿತ್ತು, ಕೇಸು ಇರೋದೂ ಗೊತ್ತಿತ್ತು. ಹರಾಜು ಆಗಿಹೋಗಿದೆ ಅನ್ನೋದು ಮಾತ್ರ ಆ ಇಬ್ಬರ ಬಾಯಲ್ಲೇ ಮೊದಲು ಕೇಳಿದ್ದು. ಅಮ್ಮ ಫೋನ್ ಮಾಡಿದಾಗ ನಾನು ಕೆಲಸದಲ್ಲಿದ್ದೆ. ಅವರ ಧ್ವನಿ ಕೇಳಿ ಅಪ್ಪನಿಗೇ ಏನೋ ಆಯಿತು ಅಂದುಕೊಂಡೆ. ಅಪ್ಪ ಸೊಂಟದ ಮೂಳೆ ಮುರಿದು, ಆಪರೇಷನ್ ಆಗಿ, ವಾಕರ್ ಹಿಡಿದು ಓಡಾಡುತ್ತಿದ್ದ ಕಾಲ ಅದು.

ಅದೇ ರಾತ್ರಿ ಬಸ್ಸಿನಲ್ಲಿ ಕೂತು ಇ-ಕೋರ್ಟ್ಸ್ ಆ್ಯಪ್ ಹಾಕಿಕೊಂಡೆ. ನಮ್ಮ ತಾಲ್ಲೂಕು ಕೋರ್ಟ್ ಆರಿಸಿ, ಅಪ್ಪನ ಹೆಸರು, ವರ್ಷ ಹಾಕಿದರೆ ಅಮಲ್ಜಾರಿ ಕೇಸು, ಅಂದರೆ ಕೋರ್ಟಿನ ತೀರ್ಪನ್ನು ಜಾರಿ ಮಾಡಿಸುವ ಕೇಸು, ಸಿಕ್ಕಿತು. ಪ್ರತಿ ವಾಯಿದೆಯಲ್ಲಿ ಏನಾಯಿತು ಅಂತ ಒಂದೊಂದು ಸಾಲು ಬರೆದಿತ್ತು. ಜೂನ್ 15ರ ಎದುರು ಹರಾಜು ನಡೆಯಿತು ಅಂತ ಇತ್ತು. ಅಷ್ಟೇ. ಮೂರು ಎಕರೆ ಆರು ಗುಂಟೆಗೆ ಒಂದು ಸಾಲು.

ಸಾಲದ ಕಥೆ ಜಾಸ್ತಿ ಹೇಳೋದಿಲ್ಲ. ಬೋರ್‌ವೆಲ್‌ಗೆ ಅಂತ ಅಪ್ಪ ಒಬ್ಬ ಖಾಸಗಿ ಫೈನಾನ್ಸ್‌ನವರ ಹತ್ತಿರ ಪ್ರೊ ನೋಟು ಬರೆದುಕೊಟ್ಟು ದುಡ್ಡು ತಂದಿದ್ದರು. ಬೋರು ಫೇಲಾಯಿತು. ಅವರು ದಾವಾ ಹಾಕಿದರು. ಅಪ್ಪ ಮೊದಲು ಎರಡು ವಾಯಿದೆಗೆ ಹೋದರು, ಆಮೇಲೆ ಬಿಟ್ಟರು. ಡಿಕ್ರಿ ಆಯಿತು, ಅಂದರೆ ದುಡ್ಡು ಕಟ್ಟಬೇಕು ಅಂತ ತೀರ್ಪಾಯಿತು. ಡಿಕ್ರಿ ಆದ ಮೇಲೂ ದುಡ್ಡು ಬಾರದಿದ್ದಾಗ ಅಮಲ್ಜಾರಿ ಅರ್ಜಿ ಬಂತು. ಮೊದಲ ನೋಟೀಸು ಅಪ್ಪನ ಕೈಗೇ ಸಿಕ್ಕಿತ್ತು. ಆಗ ಅವರು ಎಮ್ಮೆ ಮಾರಿ, ಇದ್ದದ್ದು ಸೇರಿಸಿ, 80,000 ರೂಪಾಯಿ ಒಯ್ದು ಸಾಲ ಕೊಟ್ಟವರ ಕೈಗೇ ಕೊಟ್ಟರು. ‘ಉಳಿದದ್ದು ನಿಧಾನಕ್ಕೆ ಕೊಡಿ, ಕೇಸು ನಾವು ನೋಡ್ಕೋತೀವಿ’ ಅಂದರಂತೆ. ಅಪ್ಪ ನಂಬಿದರು. ರಸೀದಿ ಕೇಳಲಿಲ್ಲ.

ಈ 80,000ದ ವಿಷಯವನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಅದು ನಮಗೆ ಕೊನೆವರೆಗೂ ಸಿಗಲಿಲ್ಲ. ಡಿಕ್ರಿ ಆದ ಮೇಲೆ ಕೋರ್ಟಿನ ಹೊರಗೆ ಕೊಟ್ಟ ದುಡ್ಡನ್ನು ಕೋರ್ಟಿಗೆ ತಿಳಿಸಿ ದಾಖಲು ಮಾಡಿಸಬೇಕು. ಇದು ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 21, ರೂಲ್ 2. ಡಿಕ್ರಿ ಜಾರಿಯ ನಿಯಮಗಳಿರೋದು ಈ ಆರ್ಡರ್ 21ರಲ್ಲೇ, ಮುಂದೆ ಬರೀ ರೂಲ್ ಅಂದಾಗೆಲ್ಲ ಇದರದ್ದೇ. ಸಾಲ ಕೊಟ್ಟವರು ತಿಳಿಸದಿದ್ದರೆ ನಾವೇ ಅರ್ಜಿ ಹಾಕಬೇಕು, ಅದಕ್ಕೆ 30 ದಿನ ಗಡುವು. ದಾಖಲಾಗದ ದುಡ್ಡನ್ನು ಅಮಲ್ಜಾರಿ ಕೋರ್ಟು ಲೆಕ್ಕಕ್ಕೇ ತೆಗೆದುಕೊಳ್ಳುವಂತಿಲ್ಲ. ಅಪ್ಪ ಕೊಟ್ಟದ್ದು ನೂರಕ್ಕೆ ನೂರು ನಿಜ. ಆದರೆ ಕಡತದಲ್ಲಿ ಅದು ಇಲ್ಲ. ನೀವು ಇಂಥ ಸಾಲದಲ್ಲಿ ಸಿಕ್ಕಿಕೊಂಡಿದ್ದರೆ ದಯವಿಟ್ಟು ಕೈಗೆ ಕೊಡಬೇಡಿ. ಕೋರ್ಟಿಗೇ ಕಟ್ಟಿ, ಇಲ್ಲವೇ ಬ್ಯಾಂಕಿನ ಮೂಲಕ ಕೊಟ್ಟು ಕೋರ್ಟಿಗೆ ತಿಳಿಸಿ.

ಮಾರನೇ ದಿನ ಚಿಕ್ಕಪ್ಪನ ಜೊತೆ ವಕೀಲರ ಹತ್ತಿರ ಹೋದೆ. ಅವರು ನಮ್ಮ ಗೋಳು ಪೂರ್ತಿ ಕೇಳಲಿಲ್ಲ. ‘ಹರಾಜಾದ ದಿನ ಯಾವುದು?’ ಅಂತ ಕೇಳಿದರು. ಜೂನ್ 15 ಅಂದೆ. ಗೋಡೆಯ ಕ್ಯಾಲೆಂಡರ್ ಹತ್ತಿರ ಹೋಗಿ ಬೆರಳಿಟ್ಟು ಎಣಿಸಿದರು. ‘ಆಗಸ್ಟ್ 14ಕ್ಕೆ 60 ದಿನ ಮುಗಿಯುತ್ತೆ. ಅದರೊಳಗೆ ಅರ್ಜಿ ಬೀಳಬೇಕು. ಒಂದು ದಿನ ದಾಟಿದರೂ ನಾನೂ ಏನೂ ಮಾಡೋಕಾಗಲ್ಲಮ್ಮ’ ಅಂದರು.

ಇದನ್ನು ಒತ್ತಿ ಹೇಳಬೇಕು. ಹರಾಜು ರದ್ದು ಮಾಡಿ ಅಂತ ಕೇಳುವ ಅರ್ಜಿಗೆ 1963ರ ಕಾಲಮಿತಿ ಕಾಯ್ದೆಯಲ್ಲಿ 60 ದಿನ ಇದೆ. ಎಣಿಕೆ ಹರಾಜಾದ ದಿನದಿಂದ, ನಮಗೆ ಗೊತ್ತಾದ ದಿನದಿಂದ ಅಲ್ಲ. ಬೇರೆ ಅರ್ಜಿಗಳಲ್ಲಿ ತಡವಾದರೆ ಕಾರಣ ಹೇಳಿ ಮನ್ನಾ ಕೇಳಬಹುದು. ಆರ್ಡರ್ 21ರ ಅರ್ಜಿಗಳಿಗೆ ಆ ಅವಕಾಶ ಇಲ್ಲ. ನಮಗೆ ಗೊತ್ತಾಗುವಷ್ಟರಲ್ಲೇ 23 ದಿನ ಹೋಗಿತ್ತು.

ವಕೀಲರು ಮುಂದೆ ಎರಡು ದಾರಿ ಇಟ್ಟರು. ಒಂದು ರೂಲ್ 89. ಹರಾಜಿನಲ್ಲಿ ತಪ್ಪು ಹುಡುಕೋದೇ ಬೇಡ. ಹರಾಜು ಪ್ರಕಟಣೆಯಲ್ಲಿ ಕಾಣಿಸಿದ ಸಾಲದ ಮೊತ್ತ ಕಟ್ಟಬೇಕು, ಹರಾಜಿನಲ್ಲಿ ಕೊಂಡವರಿಗೆ ಅವರ ಬೆಲೆಯ ಮೇಲೆ ಶೇಕಡಾ 5 ಕಟ್ಟಬೇಕು. ಕಟ್ಟಿದರೆ ಹರಾಜು ರದ್ದು. ನಮ್ಮ ಜಮೀನು ಹೋಗಿದ್ದು 6,50,000ಕ್ಕೆ. ಅದರ ಶೇಕಡಾ 5 ಅಂದರೆ 32,500. ಪ್ರಕಟಣೆಯಲ್ಲಿದ್ದ ಸಾಲ 4,12,000. ಎರಡೂ ಸೇರಿ 4,44,500. ಇದೂ 60 ದಿನದೊಳಗೇ ಆಗಬೇಕು.

ಇನ್ನೊಂದು ರೂಲ್ 90. ಹರಾಜು ಪ್ರಕಟಿಸುವುದರಲ್ಲಿ ಅಥವಾ ನಡೆಸುವುದರಲ್ಲಿ ದೊಡ್ಡ ಲೋಪ ಇಲ್ಲವೇ ಮೋಸ ಆಗಿದೆ, ಅದರಿಂದಲೇ ನಮಗೆ ಗಣನೀಯ ನಷ್ಟ ಆಗಿದೆ ಅಂತ ತೋರಿಸಬೇಕು. ಎರಡನ್ನೂ ತೋರಿಸಬೇಕು. ಲೋಪ ಇದೆ, ನಷ್ಟ ಇಲ್ಲ ಅಂದರೆ ಸಾಲದು. ಕಡಿಮೆ ಬೆಲೆಗೆ ಹೋಯಿತು, ಆದರೆ ಲೋಪ ಇಲ್ಲ ಅಂದರೂ ಸಾಲದು.

ಕಷ್ಟ ಏನೆಂದರೆ, ಎರಡು ದಾರಿಯಲ್ಲೂ ಒಟ್ಟಿಗೆ ಹೋಗೋಕಾಗಲ್ಲ. ರೂಲ್ 90ರ ಅರ್ಜಿ ಹಾಕಿದವರು ಅದನ್ನು ವಾಪಸ್ ತೆಗೆದುಕೊಳ್ಳದೆ ರೂಲ್ 89ಕ್ಕೆ ಬರುವಂತಿಲ್ಲ. ಮೂರು ದಿನ ನಾನು ನಿದ್ದೆ ಮಾಡಲಿಲ್ಲ. ಪಿಎಫ್ ದುಡ್ಡು, ಅಮ್ಮನ ಒಡವೆ, ಚಿಕ್ಕಪ್ಪ ಕೊಡ್ತೀನಿ ಅಂದಿದ್ದು ಎಲ್ಲ ಸೇರಿಸಿ ಬರೆದೆ. ಎರಡು ಲಕ್ಷದ ಹತ್ತಿರ ನಿಂತಿತು. ಸಾಲ ತೀರಿಸೋಕೆ ಇನ್ನೊಂದು ಸಾಲ ಮಾಡಬೇಕಿತ್ತು, ಅದೂ ಒಂದು ತಿಂಗಳೊಳಗೆ. ‘ಮೊದಲು ಫೈಲ್ ನೋಡೋಣ. ಫೈಲಲ್ಲಿ ಏನೂ ಸಿಗದಿದ್ದರೆ ದುಡ್ಡಿಗೆ ಓಡೋಣ’ ಅಂತ ವಕೀಲರು ಅಂದರು. ದುಡ್ಡು ಇರುವವರಿಗೆ ನಾನು ಈಗಲೂ ರೂಲ್ 89 ಅನ್ನೇ ಹೇಳುತ್ತೇನೆ. ಅದರಲ್ಲಿ ಸಾಕ್ಷಿ ಬೇಡ, ವಾದ ಬೇಡ, ವರ್ಷಗಟ್ಟಲೆ ಅಲೆದಾಟ ಬೇಡ.

ಫೈಲ್ ನೋಡಿದ ದಿನ ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ. ನಕಲು ಅರ್ಜಿ ಹಾಕಿದ್ದೆವು, ಆದರೆ ಸರ್ಟಿಫೈಡ್ ಕಾಪಿ ಬರುವವರೆಗೆ ಕಾಯಲಿಲ್ಲ. ಪರಿಶೀಲನೆಗೆ ಅನುಮತಿ ತೆಗೆದುಕೊಂಡು, ಕಚೇರಿಯ ಒಂದು ಮೂಲೆಯ ಬೆಂಚಿನಲ್ಲಿ ಕೂತೆವು. ಹಸಿರು ದಾರ ಕಟ್ಟಿದ ಕಡತ. ವಕೀಲರು ಓದಿ ಹೇಳುತ್ತಾ ಹೋದರು, ನಾನು ನೋಟ್‌ಬುಕ್ಕಿನಲ್ಲಿ ತಾರೀಕು ಬರೆದುಕೊಂಡೆ. ನಾನು ಲೆಕ್ಕ ಬರೆಯುವ ಕೆಲಸದವಳು. ಎಡಗಡೆ ತಾರೀಕು, ಬಲಗಡೆ ಏನಾಯಿತು, ಅದರ ಮುಂದೆ ಯಾವ ಪುಟ. ಅಷ್ಟು ಹೊತ್ತು ಅಪ್ಪನ ಮೇಲೆ, ಸಾಲ ಕೊಟ್ಟವರ ಮೇಲೆ, ಕೋರ್ಟಿನ ಮೇಲೆ ಇದ್ದ ಸಿಟ್ಟೆಲ್ಲ ಆ ಪುಟದಲ್ಲಿ ಇಳಿದು ಬರೀ ತಾರೀಕುಗಳಾದವು.

ಮಾರ್ಚ್ 11. ಹರಾಜಿನ ಷರತ್ತುಗಳನ್ನು ಗೊತ್ತು ಮಾಡುವ ಮೊದಲು ಸಾಲಗಾರನಿಗೆ ಕೊಡಬೇಕಾದ ನೋಟೀಸು, ರೂಲ್ 66ರದ್ದು. ಯಾವ ಜಮೀನು, ಎಷ್ಟು ಭಾಗ, ಅಂದಾಜು ಬೆಲೆ ಏನು ಅಂತ ನಾವು ಹೇಳಬಹುದಾಗಿದ್ದ ಜಾಗ ಅದೇ. ನೋಟೀಸು ಜಾರಿ ಮಾಡುವವರ ಷರಾ ಹೀಗಿತ್ತು: ‘ಮನೆಗೆ ಬೀಗ ಹಾಕಿದ್ದರಿಂದ ಬಾಗಿಲಿಗೆ ಅಂಟಿಸಿದೆ.’ ನಾನು ಪೆನ್ನು ಕೆಳಗಿಟ್ಟೆ. ಮಾರ್ಚ್ 8ರಿಂದ 16ರವರೆಗೆ ಅಪ್ಪ ಆಸ್ಪತ್ರೆಯಲ್ಲಿದ್ದರು. ಅಮ್ಮ ಅವರ ಜೊತೆಗಿದ್ದರು. ಬೀಗ ಹಾಕಿದ್ದು ನಿಜವೇ. ಆದರೆ ಒಂದೇ ಸಲ ಬಂದು, ಅಕ್ಕಪಕ್ಕ ಕೇಳದೆ, ಅದೇ ದಿನ ಅಂಟಿಸಿ ಹೋಗಿದ್ದರು. ನಾವು ವಾಪಸ್ ಬಂದಾಗ ಬಾಗಿಲ ಮೇಲೆ ಕಾಗದ ಇರಲಿಲ್ಲ.

‘ಹೀಗೆ ಮಾಡೋ ಹಾಗಿಲ್ಲ’ ಅಂದರು ವಕೀಲರು. ಆರ್ಡರ್ 5, ರೂಲ್ 17ರ ಪ್ರಕಾರ ತಕ್ಕಷ್ಟು ಪ್ರಯತ್ನ ಮಾಡಿದ ಮೇಲೂ ಆ ವ್ಯಕ್ತಿ ಸಿಗಲ್ಲ, ಸದ್ಯಕ್ಕೆ ಬರುವ ಸಂಭವವೂ ಇಲ್ಲ ಅಂದಾಗ ಮಾತ್ರ ಅಂಟಿಸಬಹುದು. ಅಂಟಿಸಿದ ಮೇಲೆ ಕೋರ್ಟು ಅದನ್ನು ಪರಿಶೀಲಿಸಿ, ಜಾರಿ ಸರಿಯಾಗಿದೆ ಅಂತ ಬರೆಯಬೇಕು. ಪ್ರತಿ ವಾಯಿದೆಯ ನಡಾವಳಿ ಬರೆಯುವ ಆರ್ಡರ್ ಶೀಟಿನಲ್ಲಿ ಆ ಮಾತೇ ಇರಲಿಲ್ಲ. ಮುಂದಿನ ವಾಯಿದೆಗೆ ‘ಸಾಲಗಾರ ಗೈರು’ ಅಂತ ಬರೆದು ಮುಂದೆ ಹೋಗಿದ್ದರು.

ಜೂನ್ 3. ಹರಾಜು ಪ್ರಕಟಣೆ ಕೋರ್ಟಿನ ನೋಟೀಸ್ ಬೋರ್ಡಿಗೆ ಅಂಟಿಸಿದ ದಿನ. ಜೂನ್ 15ಕ್ಕೆ ಹರಾಜು. ನಾನು ಎಣಿಸಿದೆ. ಹನ್ನೆರಡು ದಿನ. ವಕೀಲರ ಮುಖ ಅರಳಿದ್ದು ಇಲ್ಲೇ. ಸ್ಥಿರಾಸ್ತಿಯಾದರೆ ಕೋರ್ಟಿನಲ್ಲಿ ಪ್ರಕಟಣೆ ಅಂಟಿಸಿದ ಮೇಲೆ ಕನಿಷ್ಠ 15 ದಿನ ಕಳೆಯದೆ ಹರಾಜು ಮಾಡುವಂತಿಲ್ಲ, ಸಾಲಗಾರ ಬರಹದಲ್ಲಿ ಒಪ್ಪಿದ್ದರೆ ಬೇರೆ ಮಾತು. ಇದು ರೂಲ್ 68. ಮೂರು ದಿನ ಅಂದರೆ ಏನು ಮಹಾ ಅನ್ನಿಸಬಹುದು. ಆ ಮೂರು ದಿನ ಇದ್ದಿದ್ದರೆ ಇನ್ನೊಬ್ಬ ಕೂಗುವವನು ಬರುತ್ತಿದ್ದನೋ ಏನೋ. ನಮ್ಮ ಹರಾಜಿನಲ್ಲಿ ಕೂಗಿದವರು ಇಬ್ಬರೇ.

ಜೂನ್ 5. ಅಮೀನರ, ಅಂದರೆ ಕೋರ್ಟಿನ ಕಾಗದ ಜಾರಿ ಮಾಡುವ ನೌಕರರ, ವರದಿ. ಜಮೀನಿನ ಹತ್ತಿರ ಹೋಗಿ ತಮಟೆ ಹೊಡೆಸಿ ಸಾರಿ, ಪ್ರಕಟಣೆ ಅಂಟಿಸಿ ಬಂದೆ, ಇಬ್ಬರು ಪಂಚರು ಸಹಿ ಮಾಡಿದ್ದಾರೆ ಅಂತ. ಪಂಚರು ಇಬ್ಬರೂ ಪಕ್ಕದ ಹೋಬಳಿಯವರು. ಜೂನ್ 5ರಂದು ಅಪ್ಪ ಮನೆಯಲ್ಲೇ ಇದ್ದರು. ಕಿಟಕಿ ಪಕ್ಕದ ಮಂಚದ ಮೇಲೆ. ಮನೆ ಇರೋದೇ ಜಮೀನಿನ ಮೂಡಣ ಮೂಲೆಯಲ್ಲಿ. ತಮಟೆ ಸದ್ದು ಕೇಳದೆ ಇರುತ್ತಾ?

ಇನ್ನೊಂದನ್ನೂ ನೋಡಿದೆವು. ಹರಾಜಿನಲ್ಲಿ ಕೊಂಡವರು ಅಲ್ಲೇ ಕಾಲು ಭಾಗ ಕಟ್ಟಬೇಕು, ಉಳಿದದ್ದನ್ನು 15ನೇ ದಿನದೊಳಗೆ ಕಟ್ಟಬೇಕು. ಈ ನಿಯಮ ಎಷ್ಟು ಕಟ್ಟುನಿಟ್ಟು ಅಂದರೆ, ಅದು ತಪ್ಪಿದರೆ ಹರಾಜೇ ಆಗಿಲ್ಲ ಅಂತ ಸುಪ್ರೀಂ ಕೋರ್ಟು 1954ರಲ್ಲೇ ಹೇಳಿದೆ. ಆಸೆಯಿಂದ ಚಲನ್ ಹುಡುಕಿದೆವು. 1,62,500 ಅದೇ ದಿನ ಕಟ್ಟಿದ್ದರು. ಉಳಿದ 4,87,500 ಜೂನ್ 29ಕ್ಕೆ ಕಟ್ಟಿದ್ದರು. ಸರಿಯಾಗಿತ್ತು. ಅದನ್ನು ಅಲ್ಲಿಗೇ ಬಿಟ್ಟೆವು.

ಕೊನೆಗೆ ಬಂದಿದ್ದು ನನ್ನ ಮಟ್ಟಿಗೆ ಎಲ್ಲಕ್ಕಿಂತ ದೊಡ್ಡದು. ಸಾಲ 4,12,000. ಮಾರಿದ್ದು ಇಡೀ ಮೂರು ಎಕರೆ ಆರು ಗುಂಟೆ. ಯಾಕೆ ಇಡೀ ಜಮೀನು? ಕಡತದಲ್ಲಿ ಎಲ್ಲೂ ಆ ಪ್ರಶ್ನೆಯೇ ಇರಲಿಲ್ಲ. ರೂಲ್ 64 ಹೇಳುವುದು, ಜಪ್ತಿಯಾದ ಆಸ್ತಿಯಲ್ಲಿ ಡಿಕ್ರಿ ತೀರಿಸಲು ಬೇಕಾಗುವಷ್ಟು ಭಾಗವನ್ನು ಮಾರಬಹುದು ಅಂತ. ಒಂದು ಭಾಗ ಮಾರಿದರೆ ಸಾಕಾ ಅಂತ ನೋಡೋದು ಕೋರ್ಟಿನ ಇಷ್ಟಕ್ಕೆ ಬಿಟ್ಟದ್ದಲ್ಲ, ಅದರ ಕರ್ತವ್ಯ ಅಂತ ಸುಪ್ರೀಂ ಕೋರ್ಟಿನ 1989ರ ತೀರ್ಪೊಂದಿದೆ. ಅದನ್ನು ವಕೀಲರು ಓದಿ ಹೇಳಿದಾಗ ನನ್ನ ಗಂಟಲು ಕಟ್ಟಿತು. ನಾವು ಕೇಳುತ್ತಿದ್ದದ್ದು ಭಿಕ್ಷೆ ಅಲ್ಲ. ಕೋರ್ಟು ತಾನಾಗಿಯೇ ಕೇಳಬೇಕಾಗಿದ್ದ ಪ್ರಶ್ನೆ.

ಅರ್ಜಿ ಬರೆಯುವಾಗ ಒಂದು ಜಗಳ ಆಯಿತು. ಹರಾಜಿನಲ್ಲಿ ಕೊಂಡವರು ಸಾಲ ಕೊಟ್ಟವರಿಗೆ ಬೇಕಾದವರು ಅಂತ ಊರಲ್ಲಿ ಮಾತಿತ್ತು. ಚಿಕ್ಕಪ್ಪ ‘ಮೋಸ ಅಂತ ಬರೀರಿ ಸಾರ್’ ಅಂತ ಪಟ್ಟು ಹಿಡಿದರು. ವಕೀಲರು ಒಪ್ಪಲಿಲ್ಲ. ಮೋಸ ಅಂತ ಬರೆದರೆ ಯಾರು, ಯಾವಾಗ, ಹೇಗೆ ಅಂತ ವಿವರ ಬರೆಯಬೇಕು, ಅದನ್ನು ರುಜುವಾತು ಮಾಡಬೇಕು. ಊರ ಮಾತು ಸಾಕ್ಷಿ ಆಗಲ್ಲ. ಒಂದು ಆರೋಪ ಬಿದ್ದುಹೋದರೆ ಉಳಿದದ್ದೂ ಸಡಿಲ ಆಗುತ್ತೆ. ಚಿಕ್ಕಪ್ಪ ಎರಡು ದಿನ ಮಾತಾಡಲಿಲ್ಲ. ಆದರೆ ಅವತ್ತು ಆ ಪದ ಬಿಟ್ಟಿದ್ದು ಎಷ್ಟು ಒಳ್ಳೆಯದಾಯಿತು ಅಂತ ಆಮೇಲೆ ಅವರೇ ಒಪ್ಪಿದರು.

ಇನ್ನೊಂದು ಅಡ್ಡಿ ಇತ್ತು. ಪ್ರಕಟಣೆ ಸಿದ್ಧವಾಗುವ ಮೊದಲೇ ಹೇಳಬಹುದಾಗಿದ್ದ ತಕರಾರನ್ನು ಹರಾಜಾದ ಮೇಲೆ ತಂದರೆ ಕೋರ್ಟು ಕೇಳೋದಿಲ್ಲ. 1976ರ ತಿದ್ದುಪಡಿಯಲ್ಲಿ ರೂಲ್ 90ಕ್ಕೆ ಸೇರಿಸಿದ್ದು ಇದು. ‘ಇಡೀ ಜಮೀನು ಬೇಡ ಅಂತ ಆಗಲೇ ಯಾಕೆ ಹೇಳಲಿಲ್ಲ?’ ಅನ್ನೋ ಪ್ರಶ್ನೆ ಬಂದೇ ಬರುತ್ತೆ. ನಮ್ಮ ಉತ್ತರ ಒಂದೇ: ಹೇಳೋಕೆ ಕರೆದ ನೋಟೀಸೇ ನಮಗೆ ಮುಟ್ಟಲಿಲ್ಲ. ಹಾಗಾಗಿ ಇಡೀ ಕೇಸು ಮಾರ್ಚ್ 11ರ ಮೇಲೆ ನಿಂತಿತು. ಆಸ್ಪತ್ರೆಯ ಡಿಸ್ಚಾರ್ಜ್ ಸಮ್ಮರಿ ಅಮ್ಮನ ಟ್ರಂಕಿನಲ್ಲಿ, ಎಕ್ಸ್‌ರೇ ಕವರಿನೊಳಗೆ ಇತ್ತು. ಅಮ್ಮ ಎಲ್ಲವನ್ನೂ ಎತ್ತಿಡುವವರು. ಆ ಗುಣಕ್ಕೆ ನಾನು ಎಷ್ಟು ಸಲ ಕೈಮುಗಿದೆನೋ.

ಮನೆಯ ವಿಷಯವನ್ನೂ ಸೇರಿಸಿದೆವು. ಕೃಷಿಕ ತಾನೇ ವಾಸವಾಗಿರುವ ಮನೆ, ಅದರ ನಿವೇಶನ, ಅದಕ್ಕೆ ಹೊಂದಿಕೊಂಡು ಬೇಕಾದ ಜಾಗ, ಇವನ್ನು ಇಂಥ ಡಿಕ್ರಿಗೆ ಜಪ್ತಿ ಮಾಡುವಂತಿಲ್ಲ ಅಂತ ಸಂಹಿತೆಯ 60ನೇ ಸೆಕ್ಷನ್ನಿನಲ್ಲಿದೆ. ಹರಾಜಿಗಿಟ್ಟ ಆಸ್ತಿಯ ವಿವರ ಬರೆದ ಷೆಡ್ಯೂಲಿನಲ್ಲಿ ಸರ್ವೆ ನಂಬರು, ಚೆಕ್ಕುಬಂದಿ ಇತ್ತು. ಮನೆ ಇದೆ ಅಂತಲೇ ಇರಲಿಲ್ಲ.

ನಷ್ಟ ತೋರಿಸೋಕೆ ನಾನು ಮಾರ್ಗಸೂಚಿ ದರದ ಪಟ್ಟಿ ತಂದಿದ್ದೆ. ಎಕರೆಗೆ 9 ಲಕ್ಷ. ‘ಇದೊಂದೇ ಸಾಲಲ್ಲ. ಇದು ನೋಂದಣಿ ಶುಲ್ಕಕ್ಕೆ ಇಟ್ಟ ದರ. ಅಕ್ಕಪಕ್ಕದ ಜಮೀನು ಮಾರಿದ ಪತ್ರ ಬೇಕು’ ಅಂದರು ವಕೀಲರು. ಉಪನೋಂದಣಿ ಕಚೇರಿಯಲ್ಲಿ ಎರಡು ಕ್ರಯಪತ್ರದ ದೃಢೀಕೃತ ನಕಲು ತೆಗೆಸಿದೆವು. ಒಂದು ಎಕರೆಗೆ 11 ಲಕ್ಷ, ಇನ್ನೊಂದು 12 ಲಕ್ಷ. ಆ ಲೆಕ್ಕದಲ್ಲಿ ನಮ್ಮದು 34 ಲಕ್ಷಕ್ಕೆ ಕಡಿಮೆ ಇಲ್ಲ. ಹೋಗಿದ್ದು ಆರೂವರೆಗೆ. ಪ್ರಕಟಣೆಯಲ್ಲಿ ಸಾಲ ಕೊಟ್ಟವರು ಹೇಳಿದ ಅಂದಾಜು ಬೆಲೆ ಮಾತ್ರ ಇತ್ತು, ಏಳು ಲಕ್ಷ. ನಮ್ಮ ಅಂದಾಜು ಬರೆಯಬೇಕಾದ ಜಾಗ ಖಾಲಿ.

ಆಗಸ್ಟ್ 2ಕ್ಕೆ ಅರ್ಜಿ ಬಿತ್ತು. ಅರ್ಜಿ ತೀರ್ಮಾನ ಆಗುವವರೆಗೆ ಹರಾಜು ಖಾಯಂ ಆಗೋದಿಲ್ಲ, ಹಾಗಾಗಿ ಕೊಂಡವರಿಗೆ ಸೇಲ್ ಸರ್ಟಿಫಿಕೇಟ್ ಸಿಗಲಿಲ್ಲ, ಸ್ವಾಧೀನವೂ ಸಿಗಲಿಲ್ಲ. ಮರ ಎಣಿಸಲು ಮತ್ತೆ ಯಾರೂ ಬರಲಿಲ್ಲ. ಆಮೇಲೆ ಒಂದು ವರ್ಷ ಏಳು ತಿಂಗಳು ಹಿಡಿಯಿತು. ಅದರಲ್ಲಿ ಬಹಳ ವಾಯಿದೆಗಳು ಸುಮ್ನೆ ಹೋಗಿ ಬಂದದ್ದೇ.

ಅಪ್ಪ ಸಾಕ್ಷಿ ಹೇಳಲೇಬೇಕಿತ್ತು. ಕೋರ್ಟಿನ ಮೆಟ್ಟಿಲು ಹತ್ತಿಸೋಕೆ ನಾನು ಒಂದು ಕಡೆ, ಚಿಕ್ಕಪ್ಪ ಇನ್ನೊಂದು ಕಡೆ ಹಿಡಿದೆವು. ಕಟಕಟೆಯಲ್ಲಿ ಕೂರಲು ಜಡ್ಜ್ ಸಾಹೇಬರು ಕುರ್ಚಿ ಹಾಕಿಸಿದರು. ಪಾಟಿ ಸವಾಲಿನಲ್ಲಿ ಎದುರು ವಕೀಲರ ಮೊದಲ ಪ್ರಶ್ನೆಯೇ, ‘ಸಾಲ ತಗೊಂಡಿದ್ದು ನಿಜ ತಾನೇ?’ ಅಪ್ಪ ತಡಮಾಡಲಿಲ್ಲ. ‘ನಿಜ ಸ್ವಾಮಿ. ತೀರಿಸಲೇಬೇಕು. ಅದಕ್ಕೆ ಮೂರೂ ಎಕರೆ, ಮಲಗೋ ಮನೆ ಸಮೇತ ಹೋಗಬೇಕಾ ಅಂತ ಕೇಳೋಕೆ ಬಂದಿದೀನಿ’ ಅಂದರು. ಇದನ್ನು ಯಾರೂ ಹೇಳಿಕೊಟ್ಟಿರಲಿಲ್ಲ. ಸಾಲವನ್ನು ಅವರು ಒಂದು ಸಲವೂ ಅಲ್ಲಗಳೆಯಲಿಲ್ಲ. ಅದೇ ನಮ್ಮ ಬಲ ಆಯಿತು ಅಂತ ನನಗನ್ನಿಸುತ್ತೆ.

ಅಮೀನರ ಸಾಕ್ಷಿ ನಡೆದಿದ್ದು ಎರಡು ತಿಂಗಳ ನಂತರ. ನಮ್ಮ ವಕೀಲರು ತಮಟೆ ಬಗ್ಗೆ ಕೇಳುತ್ತಾರೆ ಅಂದುಕೊಂಡಿದ್ದೆ. ಕೇಳಲಿಲ್ಲ. ಬಹಳ ಮೆಲ್ಲಗೆ ಕೇಳಿದರು.

‘ಜಮೀನಿನ ಹತ್ತಿರ ಹೋಗಿದ್ರಾ?’

‘ಹೋಗಿದ್ದೆ.’

‘ಪ್ರಕಟಣೆ ಎಲ್ಲಿ ಅಂಟಿಸಿದ್ರಿ?’

‘ಜಮೀನಿನ ಬದುವಿನಲ್ಲಿ ಒಂದು ಕಲ್ಲಿಗೆ.’

‘ಜಮೀನಲ್ಲಿ ಏನಿತ್ತು?’

‘ಖಾಲಿ ಹೊಲ. ರಾಗಿ ಕೊಯ್ದ ಕೂಳೆ ಇತ್ತು.’

‘ಮನೆ?’

‘ಇರಲಿಲ್ಲ.’

‘ಮರಗಳು?’

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ‘ನೆನಪಿಲ್ಲ’ ಅಂದರು.

ನಮ್ಮ ಜಮೀನಿನಲ್ಲಿ 62 ತೆಂಗಿನ ಮರಗಳಿವೆ. ಪಹಣಿಯ ಬೆಳೆ ಕಾಲಂನಲ್ಲೂ ತೆಂಗು ಅಂತಲೇ ಇದೆ. ವಕೀಲರು ಪಹಣಿ, ಮನೆಯ ಫೋಟೋ, ಕರೆಂಟ್ ಬಿಲ್ ಹಾಜರುಪಡಿಸಿ ಕೂತುಬಿಟ್ಟರು. ಆ ಅಮೀನರ ಮೇಲೆ ನನಗೆ ದ್ವೇಷ ಬರಲಿಲ್ಲ. ಅವರ ಕೈಯಲ್ಲಿ ಅವತ್ತು ಎಷ್ಟು ಜಾರಿ ಕಾಗದ ಇದ್ದವೋ. ಆದರೆ ಅವರು ನಡೆಯದೆ ಬಿಟ್ಟ ಆ ದಾರಿಯ ಕೊನೆಯಲ್ಲಿ ನಮ್ಮ ಮನೆ ಇತ್ತು.

ಹರಾಜು ರದ್ದಾಯಿತು. ಆದೇಶ ಹನ್ನೊಂದು ಪುಟ. ನೋಟೀಸು ಜಾರಿ ಸರಿಯಿಲ್ಲ, 15 ದಿನ ಕಳೆದಿಲ್ಲ, ಭಾಗ ಮಾರಿದರೆ ಸಾಕಿತ್ತಾ ಅಂತ ನೋಡಿಲ್ಲ, ಈ ಲೋಪಗಳಿಂದಲೇ ಬೆಲೆ ಬಿದ್ದಿದೆ ಅಂತ ಒಂದೊಂದನ್ನೂ ಬರೆದಿದ್ದರು. ಕೊಂಡವರಿಗೆ ಕಟ್ಟಿದ ದುಡ್ಡು ವಾಪಸ್ ಕೊಡಲು ಆದೇಶವಾಯಿತು. ಅವರೂ ದುಡ್ಡು ಕಟ್ಟಿ ಇಷ್ಟು ಕಾಲ ಕಾದವರೇ ಅಲ್ವಾ. ಇಂಥ ಆದೇಶದ ಮೇಲೆ ಮೇಲ್ಮನವಿ ಹಾಕಬಹುದು. ಆ ಗಡುವು ಮುಗಿಯುವವರೆಗೆ ನಾನು ದಿನಾ ಆ್ಯಪ್ ನೋಡುತ್ತಿದ್ದೆ. ಯಾರೂ ಹಾಕಲಿಲ್ಲ.

ಆದರೆ ಸಾಲ ಹಾಗೇ ಇತ್ತು. ಬಡ್ಡಿಯೂ ಬೆಳೆದಿತ್ತು. ಈಗ ಮೊತ್ತ ಸುಮಾರು 4,46,000. ಜಪ್ತಿ ಮುಂದುವರಿದಿತ್ತು, ಹೊಸ ಹರಾಜಿಗೆ ಅವರು ಯಾವಾಗ ಬೇಕಾದರೂ ಕೇಳಬಹುದಿತ್ತು. ಇಲ್ಲಿ ಬಹಳ ಜನ ನಿರಾಳವಾಗಿ ಕೂತುಬಿಡುತ್ತಾರೆ ಅಂತ ವಕೀಲರು ಹೇಳಿದರು. ಅಪ್ಪ ಕೂರೋಕೆ ಬಿಡಲಿಲ್ಲ. ‘ಅರ್ಧ ಎಕರೆ ಮಾರಿ ಕಟ್ಟಿಬಿಡೋಣ ಮಗಳೇ’ ಅಂದರು.

ಜಪ್ತಿಯಲ್ಲಿರುವ ಜಮೀನನ್ನು ನಮ್ಮಷ್ಟಕ್ಕೆ ನಾವು ಮಾರಿದರೆ ಡಿಕ್ರಿ ಪಡೆದವರ ಎದುರು ಅದು ನಿಲ್ಲೋದಿಲ್ಲ. ಅದಕ್ಕೆ ರೂಲ್ 83 ಇದೆ. ಸಾಲಗಾರ ತನ್ನ ಆಸ್ತಿಯನ್ನೋ ಅದರ ಒಂದು ಭಾಗವನ್ನೋ ತಾನೇ ಮಾರಿ, ಅಡವಿಟ್ಟು ಇಲ್ಲವೇ ಗುತ್ತಿಗೆಗೆ ಕೊಟ್ಟು ದುಡ್ಡು ಹೊಂದಿಸಬಲ್ಲೆ ಅಂತ ಕೋರ್ಟಿಗೆ ಮನವರಿಕೆ ಮಾಡಿದರೆ, ಕೋರ್ಟು ಹರಾಜು ಮುಂದೂಡಿ ಅನುಮತಿ ಪತ್ರ ಕೊಡಬಹುದು. ದುಡ್ಡು ನಮ್ಮ ಕೈಗೆ ಬರೋದಿಲ್ಲ, ಕೋರ್ಟಿಗೆ ಹೋಗುತ್ತೆ. ಮಾರಾಟವನ್ನು ಕೋರ್ಟು ಖಾಯಂ ಮಾಡಬೇಕು. ಆಸ್ತಿಯನ್ನು ಅಡವಿಟ್ಟು ತಂದ ಸಾಲದ ಡಿಕ್ರಿಯಾದರೆ ಈ ದಾರಿ ಇಲ್ಲ. ನಮ್ಮದು ಬರೀ ಪ್ರೊ ನೋಟಿನ ಸಾಲ, ಹಾಗಾಗಿ ನಡೆಯಿತು. ಈ ರೂಲನ್ನು ಹರಾಜಿಗೆ ಮೊದಲೇ ಯಾರಾದರೂ ಅಪ್ಪನಿಗೆ ಹೇಳಿದ್ದರೆ ಮೇಲಿನ ಕಥೆಯಲ್ಲಿ ಮುಕ್ಕಾಲು ಪಾಲು ಬರೆಯುವ ಅಗತ್ಯವೇ ಇರುತ್ತಿರಲಿಲ್ಲ.

ಪಡುವಣ ಬದುವಿಗೆ ತಾಗಿದ 20 ಗುಂಟೆಯನ್ನು ಪಕ್ಕದ ಜಮೀನಿನವರೇ 6 ಲಕ್ಷಕ್ಕೆ ತೆಗೆದುಕೊಂಡರು. ಡಿಕ್ರಿಯ ಮೊತ್ತ ಸಂದಾಯವಾಯಿತು. ಉಳಿದದ್ದು ನಮಗೆ ಬಂತು, ಅದರಲ್ಲಿ ವಕೀಲರ ಫೀಸು, ಚಿಕ್ಕಪ್ಪ ಕೊಟ್ಟಿದ್ದ ಕೈಗಡ ತೀರಿದವು. ಪೂರ್ತಿ ಸಂದಾಯವಾಗಿದೆ ಅಂತ ಕೋರ್ಟು ದಾಖಲಿಸಿ ಕೇಸು ಮುಚ್ಚಿತು. ಜಪ್ತಿ ತೆಗೆದ ಪತ್ರ ಕೋರ್ಟಿನಿಂದ ಹೊರಟರೂ ಅದು ತಾಲ್ಲೂಕು ಕಚೇರಿ, ಉಪನೋಂದಣಿ ಕಚೇರಿ ಮುಟ್ಟಿ ಅಲ್ಲಿ ದಾಖಲಾಗುವವರೆಗೆ ಬೆನ್ನು ಬೀಳಬೇಕು. ನಾನು ಐದು ಸಲ ಹೋದೆ.

ಹೊಸ ಪಹಣಿ ತೆಗೆಸಿಕೊಂಡು ಬಂದ ದಿನ ಅಪ್ಪ ಜಗಲಿಯಲ್ಲಿ ಕೂತಿದ್ದರು. ಓದು ಅಂದರು. ಹೆಸರು, ವಿಸ್ತೀರ್ಣ, ಬೆಳೆ ಎಲ್ಲ ಓದಿದೆ. ಎರಡು ಎಕರೆ ಇಪ್ಪತ್ತಾರು ಗುಂಟೆ. ‘ಋಣದ ಕಾಲಂ?’ ಅಂತ ಕೇಳಿದರು. ‘ಖಾಲಿ ಇದೆ ಅಪ್ಪ’ ಅಂದೆ. ಅವರು ಕಾಗದವನ್ನು ನನ್ನ ಕೈಯಿಂದ ತೆಗೆದುಕೊಂಡು, ಆ ಖಾಲಿ ಜಾಗದ ಮೇಲೆ ಹೆಬ್ಬೆರಳು ಆಡಿಸಿದರು. ಮಾರಿದ 20 ಗುಂಟೆಯ ಜೊತೆ 11 ಮರ ಹೋದವು. 51 ಉಳಿದಿವೆ.